ಎರಡನೆಯ ಶಂಖ, ಮೂರನೆಯ ಶಂಖ

ನಮ್ಮ ದ್ವೀಪದ ವೈಸಿನಾ ಊರಲ್ಲಿ ಸಂಜೆ ಮೂರು ಸಲ ಶಂಖ ಊದುತ್ತಾರೆ. ಮೊದಲನೆಯದು ಕೇಳಿದರೆ ಕೆಲಸ ಬಿಟ್ಟು ಮನೆಗೆ ಹೊರಡಬೇಕು. ಎರಡನೆಯದು ಪ್ರಾರ್ಥನೆಗೆ. ಮನೆಯಲ್ಲಿದ್ದವರು ಮನೆಯವರ ಜೊತೆ ಕೂರುತ್ತಾರೆ. ದಾರಿಯಲ್ಲಿ ಸಿಕ್ಕಿಕೊಂಡವರು ಅಲ್ಲೇ ಬದಿಗೆ ಕೂತು ತಲೆ ತಗ್ಗಿಸಿ ಕಣ್ಣು ಮುಚ್ಚಬೇಕು. ಮೂರನೆಯ ಶಂಖದವರೆಗೆ ಊರಲ್ಲಿ ಯಾರೂ ನಡೆಯುವಂತಿಲ್ಲ, ಗಾಡಿ ಓಡಿಸುವಂತಿಲ್ಲ. ಎರಡಕ್ಕೂ ಮೂರಕ್ಕೂ ನಡುವೆ ಹತ್ತೋ ಹನ್ನೆರಡೋ ನಿಮಿಷ ಇರಬಹುದು. ನಾನು ಯಾವತ್ತೂ ಗಡಿಯಾರ ಇಟ್ಟು ನೋಡಿಲ್ಲ. ಆ ಹೊತ್ತಿನಲ್ಲಿ ಗಡಿಯಾರ ನೋಡುವುದೂ ತಪ್ಪೇ.

ನನ್ನ ಹೆಸರು ಫುವಾತಿನೊ. ಊರಿನ ಹೆಂಗಸರ ಸಭೆಯ ನಡಾವಳಿ ಬರೆಯುವವಳು. ರಾಜಧಾನಿ ಆಪಿಯಾದಲ್ಲಿ ನೆಂಟರ ಮನೆಯಲ್ಲಿದ್ದು ಎರಡು ವರ್ಷ ಸಂಜೆ ತರಗತಿಗೆ ಹೋಗಿದ್ದೇನೆ ಅನ್ನುವುದೊಂದೇ ನನ್ನ ಅರ್ಹತೆ. ಅಲ್ಲಿನ ಮೇಷ್ಟರು ಒಂದು ಮಾತು ಹೇಳುತ್ತಿದ್ದರು: "ಕಂಡದ್ದನ್ನ ಒಂದು ಹಾಳೇಲಿ ಬರೀರಿ, ಅಂದುಕೊಂಡದ್ದನ್ನ ಬೇರೆ ಹಾಳೇಲಿ ಬರೀರಿ." ಸುಲಭದ ಮಾತು ಅನ್ನಿಸಿತ್ತು. ಆ ಗುರುವಾರದ ಮಟ್ಟಿಗೆ ನಾನು ಎರಡೂ ಹಾಳೆಗಳನ್ನು ಎಷ್ಟು ಸಲ ಮನಸ್ಸಿನಲ್ಲೇ ಬರೆದು ಹರಿದೆನೋ ಲೆಕ್ಕವಿಲ್ಲ. ಮೊದಲು ಕಂಡದ್ದನ್ನು ಬರೆಯುತ್ತೇನೆ.

ಊರಿನ ಕೊನೆಯ ಮನೆ ದಾಟಿದ ಮೇಲೆ ಕಡಲ ಪಕ್ಕ ರಸ್ತೆಗೊಂದು ತಿರುವಿದೆ. ಅಲ್ಲಿ ಕೇದಗೆ ಮೆಳೆ. ಚಾಪೆಗೆ ಎಲೆ ಕೊಯ್ಯಲು ಹೋಗಿದ್ದ ನಾನು ಮೊದಲ ಶಂಖ ಕೇಳಿದರೂ ಇನ್ನೆರಡು ಎಲೆ, ಇನ್ನೆರಡು ಎಲೆ ಎಂದು ತಡಮಾಡಿದೆ. ಎರಡನೆಯ ಶಂಖ ಊದಿದಾಗ ಹೊರೆ ಪಕ್ಕಕ್ಕಿಟ್ಟು ಮೆಳೆಯ ಬುಡದಲ್ಲೇ ಕೂತೆ. ಅದೇ ಹೊತ್ತಿಗೆ ಮಲಾಕಿ ಸೈಕಲ್ಲಿನ ಹಿಂದೆ ತೆಂಗಿನಕಾಯಿ ಕಟ್ಟಿಕೊಂಡು ತಿರುವಿಗೆ ಬಂದಿದ್ದ. ನಮ್ಮೂರಿನ ಎನೆಲಿಕೊನ ಮಗ ಅವನು, ಇಪ್ಪತ್ತೇಳು ವರ್ಷ. ಅವನಿಗೆ ಮಗು ಹುಟ್ಟಿ ಇನ್ನೂ ತಿಂಗಳಾಗಿರಲಿಲ್ಲ. ಅವನೂ ಶಂಖ ಕೇಳಿದವನೇ ಸೈಕಲ್ಲನ್ನು ಮಲಗಿಸಿ, ರಸ್ತೆಯ ಅಂಚಿನಲ್ಲಿ ಕಾಲು ಮಡಚಿ ಕೂತು ತಲೆ ತಗ್ಗಿಸಿದ. ನಾನಿರುವುದು ಅವನಿಗೆ ಕಂಡಿರಲಿಲ್ಲ.

ನಾನು ಕಣ್ಣು ಮುಚ್ಚಿದೆ. ಗಾಡಿಯ ಸದ್ದು ಕೇಳಿ ಕಣ್ಣು ಬಿಟ್ಟೆ.

ಅದು ತಪ್ಪು ಎಂದು ಆಗಲೂ ಗೊತ್ತಿತ್ತು. ಬಿಳಿ ಪಿಕಪ್ಪೊಂದು ಪಕ್ಕದ ಊರಾದ ಫಂಗಲುವಾ ಕಡೆಯಿಂದ ಜೋರಾಗಿ ಬಂತು. ತಿರುವಿನಲ್ಲಿ ಅಂಚಿಗೆ ಸರಿಯಿತು. ಮಲಾಕಿ ತಲೆ ಎತ್ತಲಿಲ್ಲ. ಗಾಡಿ ಅವನಿಗೆ ಬಡಿದು ಸ್ವಲ್ಪ ಮುಂದೆ ಹೋಗಿ ನಿಂತಿತು. ಇಳಿದವನು ಫಿಲೆಮೊನಿ, ನನ್ನ ಸೋದರಮಾವ, ನಮ್ಮ ಮನೆತನದ ಯಜಮಾನ. ಓಡಿ ಬಂದು ಮಲಾಕಿಯ ತಲೆಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡ. ಏನೋ ಹೇಳಿದ, ನನಗೆ ಕೇಳಿಸಲಿಲ್ಲ. ಆಮೇಲೆ ರಸ್ತೆಯ ಆ ಕಡೆ ಈ ಕಡೆ ನೋಡಿದ. ತಲೆಯನ್ನು ಹುಲ್ಲಿನ ಮೇಲೆ ಮೆಲ್ಲಗೆ ಇಟ್ಟ. ಗಾಡಿ ಹತ್ತಿ ತೋಟದ ದಾರಿ ಹಿಡಿದ. ಆ ದಾರಿ ನಮ್ಮ ಮನೆಯ ಹಿತ್ತಲಿಗೆ ಬರುತ್ತದೆ.

ಇಷ್ಟು ಕಂಡದ್ದು. ಅಂದುಕೊಂಡದ್ದು ಏನೆಂದರೆ, ಮಾವ ಅಷ್ಟು ಜೋರಾಗಿ ಬಂದದ್ದು ಪ್ರಾರ್ಥನೆಗೆ ತಡವಾಯಿತೆಂದು. ಅವನು ಚರ್ಚಿನ ಹಿರಿಯ. ಇಪ್ಪತ್ತು ವರ್ಷಗಳಲ್ಲಿ ಎರಡನೆಯ ಶಂಖದ ಹೊತ್ತಿಗೆ ಅವನು ಮನೆಯಲ್ಲಿ ಇಲ್ಲದ ದಿನವಿರಲಿಲ್ಲ. ಸಂಜೆಯ ಮಬ್ಬಿನಲ್ಲಿ ಅವನ ಕಣ್ಣು ಮಂಜು. ಕನ್ನಡಕ ಇದ್ದರೂ ಹಾಕುತ್ತಿರಲಿಲ್ಲ.

ಇನ್ನೊಂದಿದೆ, ಅದು ಕಂಡದ್ದೂ ಅಲ್ಲ, ಅಂದುಕೊಂಡದ್ದೂ ಅಲ್ಲ, ಮಾಡಿದ್ದು. ಮಾವ ಹೋದ ಮೇಲೆ ನಾನು ಏಳಲಿಲ್ಲ. ಮೂರನೆಯ ಶಂಖ ಊದುವವರೆಗೆ ಕೂತೇ ಇದ್ದೆ. ಅಷ್ಟು ಹೊತ್ತು ಅಲುಗಬಾರದು ಎಂದು ಅಮ್ಮ ಕಲಿಸಿದ್ದು ಕಾಲಿಗೆ ಕಲ್ಲು ಕಟ್ಟಿದ ಹಾಗೆ ಕೂರಿಸಿಬಿಟ್ಟಿತು. ಶಂಖ ಕೇಳಿದ ಮೇಲೆ ಓಡಿದೆ. ಆಗಲೂ ಅವನಿಗೆ ಉಸಿರಿತ್ತು. ಅಷ್ಟರಲ್ಲಿ ಊರಿನವರೂ ಬಂದರು. "ಮೊದಲು ಯಾರು ನೋಡಿದ್ದು?" ಎಂದು ಯಾರೋ ಕೇಳಿದರು. "ಎಲ್ಲಾ ಒಟ್ಟಿಗೇ ಬಂದ್ವಲ್ಲ," ಎಂದೆ.

ಆಸ್ಪತ್ರೆಯ ದಾರಿಯಲ್ಲಿ ಮಲಾಕಿ ತೀರಿಕೊಂಡ.

ಮರುದಿನ ಶುಕ್ರವಾರ. ಊರಿನ ಹಿರಿಯರು ಕೂತು ಮಾತಾಡಿ ಮುಗಿಸುವ ಹೊತ್ತಿಗೆ ವಿಷಯ ತೀರ್ಮಾನವಾಗಿತ್ತು. ಅದನ್ನು ನನಗೆ ಹೇಳಿದವಳು ಪಕ್ಕದ ಮನೆಯ ಮಾತಾಲೆನಾ. ಅವಳು ಕೆಸವಿನ ಗೆಡ್ಡೆ ಹೆರೆಯುತ್ತಾ ಹೇಳಿದಳು, ನಾನು ಚಾಪೆ ನೇಯುತ್ತಾ ಕೇಳಿದೆ.

"ಇದರಲ್ಲಿ ಯೋಚನೆ ಮಾಡೋದೇನಿದೆಯೇ? ಪ್ರಾರ್ಥನೆ ಹೊತ್ತಲ್ಲಿ ನಮ್ಮೂರೋರು ಯಾರು ಗಾಡಿ ಓಡಿಸ್ತಾರೆ? ಯಾರೂ ಇಲ್ಲ. ಅಂದ್ಮೇಲೆ ಹೊರಗಿನವನೇ. ಫಂಗಲುವಾದ ಆ ಇಯೊನಾ ಇಲ್ವಾ, ತೊವಾಲಿಮಾ ಯಜಮಾನರ ತಮ್ಮನ ಮಗ? ಕುಡ್ಕೊಂಡು ಬಿಳೀ ಪಿಕಪ್ಪನ್ನ ಜೀಗುಜ್ಜೆ ಮರಕ್ಕೆ ಗುದ್ದಿದಾನೆ. ಮುಂದಿನ ದೀಪ ಪುಡಿಪುಡಿ. ಪೊಲೀಸರು ಬೆಳಗ್ಗೇನೇ ಹಿಡ್ಕೊಂಡು ಹೋದ್ರು."

"ಅವನು ಒಪ್ಕೊಂಡನಾ?"

"ನೆನಪಿಲ್ಲ ಅಂತಾನಂತೆ. ಇರ್ಬೋದೇನೋ, ನಾನೇ ಇರ್ಬೋದೇನೋ ಅಂತ ಅಳ್ತಾನಂತೆ. ಕುಡಿದೋನಿಗೆ ನೆನಪು ಬೇರೆ ಕೇಡು." ಅವಳು ದನಿ ತಗ್ಗಿಸಿದಳು. "ಆದ್ರೂ ನೋಡು, ಮಲಾಕಿಗೆ ಆ ಹೊತ್ತಲ್ಲಿ ರಸ್ತೇಲಿ ಏನು ಕೆಲಸ? ಶಂಖ ಊದಿದ ಮೇಲೂ ಸೈಕಲ್ ತುಳೀತಿದ್ದ ಅಂತ ಎಲ್ಲಾ ಆಡ್ಕೋತಿದಾರೆ. ದೇವರ ಹೊತ್ತನ್ನ ಮೀರಿದ್ರೆ ಹಿಂಗೇ. ಎನೆಲಿಕೊ ಪಾಪ, ತಲೆ ಎತ್ತೋ ಹಂಗಿಲ್ಲ. ಏನೇ, ಎಲೆ ತಪ್ಪು ಕಡೆ ತೂರಿಸ್ತಿದೀಯ!"

ನೋಡಿದರೆ ಮೂರು ಸಾಲು ತಪ್ಪಾಗಿ ನೆಯ್ದಿದ್ದೆ. ಬಿಚ್ಚಿದೆ. ಅವನು ಕೂತಿದ್ದ, ತಲೆ ತಗ್ಗಿಸಿ ಕೂತಿದ್ದ ಎಂದು ಹೇಳಲು ಬಾಯಿ ತೆರೆದೆ. ಹೇಳಿದರೆ, ನಿನಗೆ ಹೇಗೆ ಗೊತ್ತು ಎಂಬ ಪ್ರಶ್ನೆ ಬರುತ್ತದೆ. ಬಾಯಿ ಮುಚ್ಚಿದೆ.

ಮಧ್ಯಾಹ್ನ ಮಾವ ಬಂದು ನನ್ನೆದುರು ಕೂತ. ಅವನು ಕೆಟ್ಟವನಲ್ಲ. ಅಮ್ಮ ಹೋದ ಮೇಲೆ ನನ್ನನ್ನು ಸಾಕಿದವನು. ಹುಡುಗಿಗೆ ಓದು ಯಾಕೆ ಎಂದವರ ಬಾಯಿ ಮುಚ್ಚಿಸಿ ಆಪಿಯಾಕ್ಕೆ ಕಳಿಸಿದವನು. ಒಂದೇ ರಾತ್ರಿಯಲ್ಲಿ ಹತ್ತು ವರ್ಷ ಕೂಡಿದಂತಿದ್ದ.

"ಫುವಾ, ನಿನ್ನೆ ನೀನು ಪ್ರಾರ್ಥನೆಗೆ ಇರಲಿಲ್ಲ."

"ಕೇದಗೆ ಕೊಯ್ಯೋಕೆ ಹೋಗಿದ್ದೆ ಮಾವ. ತಡ ಆಯ್ತು."

"ಯಾವ ಕಡೆಗೆ?"

"ಕಡಲ ಕಡೆಗೆ."

ಕೇದಗೆ ಇರುವುದೆಲ್ಲ ಕಡಲ ಕಡೆಗೇ. ಮಾವ ನನ್ನ ಕೈಯಲ್ಲಿದ್ದ ಎಲೆಯನ್ನೇ ನೋಡುತ್ತಿದ್ದ.

"ಶಂಖ ಕೇಳಿದ ಮೇಲೆ ಕೂತಿದ್ದೆ ತಾನೆ? ತಲೆ ತಗ್ಗಿಸಿ?"

"ಕೂತಿದ್ದೆ."

"ಒಳ್ಳೇದು." ಕೈ ಚಾಚಿ ಎಲೆಯನ್ನು ಮುಟ್ಟಿ ಅಂದ, "ನಿಮ್ಮಮ್ಮನೂ ಹಂಗೇ. ಶಂಖ ಕೇಳಿದ್ರೆ ಕೈಲಿದ್ದ ಎಲೆ ಕೈಲೇ." ಎದ್ದು ಹೋದ. ಅವನಿಗೆಂದು ಇಟ್ಟಿದ್ದ ಕೋಕೋ ಲೋಟದಲ್ಲೇ ಆರಿತ್ತು.

ನಾನು ಆಗ ಕೇಳಬೇಕಿತ್ತು. ಕೇಳಲಿಲ್ಲ. ನಿಜ ಹೊರಬಿದ್ದರೆ ಆಗುವುದೇನು ಎಂದು ಗೊತ್ತಿದ್ದುದರಿಂದಲೇ ಕೇಳಲಿಲ್ಲ. ಸಾವು ತಂದು ಅದನ್ನು ಮುಚ್ಚಿಟ್ಟ ಮನೆತನವನ್ನು ಊರು ಹೊರಗೆ ಹಾಕುತ್ತದೆ. ಕೂಸಿನಿಂದ ಹಿಡಿದು ಹಾಸಿಗೆ ಹಿಡಿದ ಅತ್ತೆಯವರೆಗೆ ನಾವು ಹದಿನೇಳು ಜನ. ಅಷ್ಟೂ ಜನರ ಮನೆ ನನ್ನ ಎರಡು ಕಣ್ಣಿನ ಮೇಲೆ ನಿಂತಿತ್ತು. ಆ ಎರಡು ಕಣ್ಣೋ, ಆ ಹೊತ್ತಲ್ಲಿ ತೆರೆದಿರಲೇಬಾರದಾಗಿತ್ತು. ಕಂಡದ್ದು ನಿಜವಾಗಿಯೂ ಕಂಡದ್ದೇ? ಮಬ್ಬಿರಲಿಲ್ಲವೇ? ಬಿಳಿ ಪಿಕಪ್ಪುಗಳೆಲ್ಲ ಒಂದೇ ತರ ಇರುವುದಿಲ್ಲವೇ? ಹೀಗೆ ನನ್ನನ್ನೇ ಅಡ್ಡಪ್ರಶ್ನೆ ಹಾಕಿಕೊಂಡೆ. ಪ್ರತಿ ಸಲವೂ ಮಾವನ ಎರಡು ಕೈಗಳು ಕಣ್ಣ ಮುಂದೆ ಬಂದವು, ತಲೆಯನ್ನು ಹುಲ್ಲಿನ ಮೇಲೆ ಇಡುತ್ತಿದ್ದ ಕೈಗಳು.

ಶನಿವಾರ ಬೆಳಕು ಹರಿಯುವ ಹೊತ್ತಿಗೆ ಮಾತಾಲೆನಾ ಓಡಿ ಬಂದಳು. "ಫುವಾ, ಏಳೇ! ತೊವಾಲಿಮಾ ಬಂದು ಕೂತಿದಾರೆ!"

ಎನೆಲಿಕೊನ ಮನೆಯ ಮುಂದಿನ ಬಯಲಿಗೆ ಹೋದೆ. ಊರೆಲ್ಲ ಆಗಲೇ ಅಲ್ಲಿತ್ತು, ಆದರೆ ಸದ್ದೇ ಇರಲಿಲ್ಲ. ಹಸಿ ಹುಲ್ಲಿನ ಮೇಲೆ, ಮನೆಗೆ ಮುಖ ಮಾಡಿ, ಚಾಪೆ ಹೊದ್ದ ಒಂದು ಆಕಾರ ಕೂತಿತ್ತು. ಅದರ ಹಿಂದೆ ಫಂಗಲುವಾದ ಹದಿನೈದಿಪ್ಪತ್ತು ಜನ, ಗಂಡಸರು ಹೆಂಗಸರು, ನೆಲಕ್ಕೆ ಹಣೆ ಬಾಗಿಸಿ ಕೂತಿದ್ದರು. ಅವರ ಮುಂದೆ ಸೌದೆಯ ಕಟ್ಟು, ಒಲೆಗಲ್ಲುಗಳು, ಬಾಳೆ ಎಲೆ. ನಾವು ನಿಮ್ಮ ಕೈಗೆ ಬಂದಿದ್ದೇವೆ, ಬೇಕಾದರೆ ನಮ್ಮನ್ನೇ ಬೇಯಿಸಿ ಎಂದು ಅದರ ಅರ್ಥ. ಸತ್ತವನ ಮನೆಯವರು ಬಂದು ಚಾಪೆ ಎತ್ತಿದರೆ ತಪ್ಪು ಮನ್ನಾ. ಎತ್ತದಿದ್ದರೆ ಒಳಗಿರುವವನ ಮೇಲೆ ಅವರು ಏನು ಮಾಡಿದರೂ ಕೇಳುವವರಿಲ್ಲ. ನನ್ನ ಅಜ್ಜಿ ಇದನ್ನು ಒಮ್ಮೆ ಕಂಡಿದ್ದಳಂತೆ. ನಾನು ಕಂಡಿರಲಿಲ್ಲ.

ಮೊದಲು ನನ್ನ ಕಣ್ಣು ಹೋದದ್ದು ಚಾಪೆಯ ಮೇಲೆ. ನೇಯುವವಳ ಕಣ್ಣು, ಏನು ಮಾಡಲಿ. ಅಂಥ ಚಾಪೆಯನ್ನು ನಾನು ಕೇಳಿದ್ದೆನೇ ಹೊರತು ನೋಡಿರಲಿಲ್ಲ. ಎಳೆಗಳು ತಲೆಗೂದಲಿಗಿಂತ ಸ್ವಲ್ಪವೇ ದಪ್ಪ. ನೂರು ವರ್ಷದ ಕೈಗಳು ಸವರಿ ಸವರಿ ಜೇನಿನ ಬಣ್ಣಕ್ಕೆ ತಿರುಗಿತ್ತು. ಒಬ್ಬ ಹೆಂಗಸು ಕಣ್ಣಿನ ಬೆಳಕನ್ನೆಲ್ಲ ಅದರಲ್ಲಿ ಇಟ್ಟು ಕುರುಡಿಯಾಗಿರಬೇಕು. ಆ ಮನೆತನದ ಅತಿ ದೊಡ್ಡ ಆಸ್ತಿ ಅದು, ಮದುವೆಗೂ ಪಟ್ಟಕ್ಕೂ ಹೊರಗೆ ತೆಗೆಯದ್ದು. ಅದನ್ನು ಹೊದ್ದು ಎಪ್ಪತ್ತೆರಡು ವರ್ಷದ ತೊವಾಲಿಮಾ ಕೂತಿದ್ದರು, ತಮ್ಮವರು ಮಾಡದ ತಪ್ಪಿಗೆ.

ಎನೆಲಿಕೊನ ಮನೆಯ ತೆಂಗಿನ ಗರಿಯ ಪರದೆಗಳೆಲ್ಲ ಇಳಿಬಿದ್ದಿದ್ದವು. ನಮ್ಮ ಮನೆಗಳಿಗೆ ಗೋಡೆಯಿಲ್ಲ, ಕಂಬಗಳಷ್ಟೇ. ಪರದೆ ಇಳಿಸುವುದು ಮಳೆಗೆ ಅಥವಾ ಸಿಟ್ಟಿಗೆ. ಪರದೆಯ ಸಂದಿಯಲ್ಲಿ ಮಲಾಕಿಯ ಇಬ್ಬರು ತಮ್ಮಂದಿರು ಕತ್ತಿ ಹಿಡಿದು ನಿಂತಿದ್ದು ಕಾಣುತ್ತಿತ್ತು. ಒಳಗೆ ಕೂಸು ಅಳುತ್ತಿತ್ತು.

ಸೂರ್ಯ ತೆಂಗಿನ ತಲೆ ದಾಟಿ ಮೇಲೆ ಬಂದ. ಚಾಪೆಯ ಮೇಲೆ ಬಿಸಿಲು ಬಿದ್ದದ್ದೇ ಅದು ಉರಿಯುವ ಹಾಗೆ ಹೊಳೆಯಿತು. ಎಷ್ಟು ತೆಳುವೆಂದರೆ ಒಳಗಿನ ತಲೆಯ ನೆರಳು ಕಾಣುತ್ತಿತ್ತು. ಬಾಗಿದ ತಲೆ. ಉಸಿರಿಗೆ ಚಾಪೆ ಏರುತ್ತಿತ್ತು, ಇಳಿಯುತ್ತಿತ್ತು. ಇಡೀ ಊರು ಆ ಏರಿಳಿತವನ್ನೇ ನೋಡುತ್ತಿತ್ತು. ನಾನು ಚರ್ಚಿನಲ್ಲಿ ಎಷ್ಟೋ ಪ್ರಾರ್ಥನೆ ಮಾಡಿದ್ದೇನೆ, ಆದರೆ ಮೈಯೆಲ್ಲ ಹೀಗೆ ಜುಮ್ಮೆಂದದ್ದು ಅದೇ ಮೊದಲು. ಒಬ್ಬ ಮನುಷ್ಯ ಸುಮ್ಮನೆ ಕೂತಿದ್ದಾನೆ, ಅಷ್ಟೇ. ಅಷ್ಟಕ್ಕೇ ಕತ್ತಿ ಹಿಡಿದ ಕೈಗಳು ತಡೆದು ನಿಂತಿವೆ.

ಒಳಗಿಂದ ಒಬ್ಬ ತಮ್ಮ ತೆಂಗಿನಕಾಯಿ ಎಸೆದ. ಅದು ಚಾಪೆಯ ಹೆಗಲಿಗೆ ಬಡಿಯಿತು. ಊರೆಲ್ಲ ಒಮ್ಮೆಗೇ ಉಸಿರೆಳೆದುಕೊಂಡಿತು. ಚಾಪೆ ಒಂದು ಪಕ್ಕಕ್ಕೆ ವಾಲಿ, ಮತ್ತೆ ನೆಟ್ಟಗಾಯಿತು. ಉಸಿರು ಮೊದಲಿನ ಹಾಗೇ ಏರಿಳಿಯಿತು.

ಗುರುವಾರ ಮಲಾಕಿ ಕೂತಿದ್ದದ್ದೂ ಹೀಗೇ.

ನಾನು ಎದ್ದದ್ದು ನನಗೆ ಗೊತ್ತಾಗಲಿಲ್ಲ. "ಏ, ಎಲ್ಲಿಗೇ?" ಎಂದು ಮಾತಾಲೆನಾ ನನ್ನ ಅಂಗಿ ಎಳೆದದ್ದು ನೆನಪಿದೆ. ಹುಲ್ಲಿನ ಮೇಲೆ ಒಬ್ಬಳೇ ನಡೆದೆ. ನನ್ನ ಹೆಜ್ಜೆ ನನಗೇ ಕೇಳಿಸುತ್ತಿತ್ತು. ಚಾಪೆಯ ಅಂಚನ್ನು ಎತ್ತಿ, ಬಗ್ಗಿ, ಒಳಗೆ ಕೂತೆ.

ಒಳಗೆ ಬೆಳಕೆಲ್ಲ ಬಂಗಾರದ ಬಣ್ಣ. ಸೆಕೆ, ಹಳೆಯ ಎಣ್ಣೆಯ ವಾಸನೆ. ಮುದುಕರ ಮೂಗಿನ ತುದಿಯಿಂದ ಬೆವರು ತೊಟ್ಟಿಕ್ಕುತ್ತಿತ್ತು. ತಲೆ ಎತ್ತದೆ ಕೇಳಿದರು.

"ಯಾರಮ್ಮಾ?"

"ಫುವಾತಿನೊ. ಫಿಲೆಮೊನಿ ಅವರ ತಂಗಿ ಮಗಳು."

"ಯಾಕೆ ಬಂದೆ? ಹೊರಗೆ ನೆರಳು ಸಿಗಲಿಲ್ವಾ?"

ಅಂಥ ಹೊತ್ತಿನಲ್ಲಿ ತಮಾಷೆ! ನನಗೆ ಅಳು ಬಂತು. ಅಳುತ್ತಲೇ ಹೇಳಿದೆ. ಕೇದಗೆ, ಶಂಖ, ಪಿಕಪ್ಪು, ಮಾವನ ಕೈಗಳು, ನಾನು ಏಳದೆ ಕೂತದ್ದು, ಎಲ್ಲ. ಹಾಳೆಗಳು ಅದಲು ಬದಲಾಗಿರಬೇಕು.

"ಇಯೊನಾ ಅಲ್ಲ ಅಂತೀಯ," ಅಂದರು ಕೊನೆಗೆ.

"ಅಲ್ಲ ಯಜಮಾನ್ರೇ."

"ಮೂರು ಸಲ ಕೇಳ್ದೆ ಅವನ್ನ. ಗೊತ್ತಿಲ್ಲ ದೊಡ್ಡಪ್ಪ ಅಂದ. ಗೊತ್ತಿಲ್ಲದೋನ ಪರವಾಗಿ ಯಾರಾದ್ರೂ ಕೂರ್ಬೇಕಲ್ಲ." ಅವರು ಉದ್ದಕ್ಕೆ ಉಸಿರುಬಿಟ್ಟರು. ಆ ಉಸಿರಿನಲ್ಲಿ ಒಂದು ಮನೆತನದ ಭಾರವೇ ಇಳಿದಂತಿತ್ತು. ಇನ್ನು ಎದ್ದುಬಿಡುತ್ತಾರೆ ಎಂದುಕೊಂಡೆ. ಅವರು ಅಲುಗಲಿಲ್ಲ.

"ಏಳಲ್ವಾ?" ಎಂದೆ.

"ನಾನಲ್ಲ ಅಂತ ನಾನು ಎದ್ದೆ ಅಂತಿಟ್ಕೋ. ಆ ಹುಡುಗರು ಕತ್ತಿ ಹಿಡ್ಕೊಂಡು ಎಲ್ಲಿಗೆ ಹೋಗ್ತಾರೆ?"

ನಮ್ಮ ಮನೆ ಅಲ್ಲಿಂದ ನಾಲ್ಕನೆಯದು.

"ನಿಮ್ಮ ಮಾವ ಇನ್ನೂ ಚಾಪೆ ಹೊದ್ದಿಲ್ಲ. ಬರೀ ಮೈಯಲ್ಲಿ ನಿಂತಿದಾನೆ. ಅವನು ಬರೋವರೆಗೆ ಈ ಜಾಗ ಖಾಲಿ ಬಿಡೋಕಾಗಲ್ಲ. ಹೋಗು ತಾಯಿ, ಹೇಳು ಅವನಿಗೆ. ನಾನು ಕೂತಿರ್ತೀನಿ." ಆಮೇಲೆ ಮೆಲ್ಲಗೆ ಸೇರಿಸಿದರು. "ಸ್ವಲ್ಪ ಬೇಗ ಬರೋಕೆ ಹೇಳು. ಮಂಡಿ ಹಳೇದು."

ನಾನು ಅವರ ಮುಖವನ್ನು ಆಗ ನೋಡಿದೆ. ತಪ್ಪಿಲ್ಲವೆಂದು ಗೊತ್ತಾದ ಮೇಲೂ, ತೆಂಗಿನಕಾಯಿ ಬಿದ್ದ ಹೆಗಲು ಊದಿಕೊಂಡಿದ್ದರೂ, ತಪ್ಪಿತಸ್ಥನಿಗೆಂದು ಜಾಗ ಹಿಡಿದು ಕೂತ ಮುಖ. ಅದನ್ನು ವರ್ಣಿಸುವಷ್ಟು ಓದು ನನ್ನದಲ್ಲ. ಕಡಲು ಹಿಂದಕ್ಕೆ ಸರಿದು ತಳ ಕಂಡಾಗ ಮನುಷ್ಯ ಹೇಗೆ ನಿಂತುಬಿಡುತ್ತಾನೋ ಹಾಗೆ ನಾನು ಕೂತುಬಿಟ್ಟೆ. ಅವರೇ ಮೊಣಕೈಯಿಂದ ನನ್ನನ್ನು ತಿವಿದರು.

ಹೊರಗೆ ಬಂದಾಗ ಬಿಸಿಲು ಕಣ್ಣಿಗೆ ಹೊಡೆಯಿತು. ಊರಿನ ಹಿರಿಯರು ಬಯಲಿನ ಅಂಚಿನ ಮರದಡಿ ಕೂತಿದ್ದರು. ಮಾವ ನಡುವೆ ಇದ್ದ, ಕೈಯಲ್ಲಿ ಯಜಮಾನಿಕೆಯ ನಾರಿನ ಚಾಮರ. ನಾನು ಚಾಪೆಯೊಳಗೆ ಹೋದಾಗಲೇ ಅವನಿಗೆ ತಿಳಿದಿರಬೇಕು. ನಾನು ಅವನೆದುರು ಮಂಡಿಯೂರಿದೆ.

"ಮಾವ, ತೊವಾಲಿಮಾ ಯಜಮಾನರು ಕಾಯ್ತಿದಾರೆ. ಮಂಡಿ ನೋಯ್ತಿದೆಯಂತೆ, ಬೇಗ ಬರ್ಬೇಕಂತೆ."

"ಯಾರು?"

"ನೀವು."

ಅಕ್ಕಪಕ್ಕದ ಹಿರಿಯರು ತಿರುಗಿ ನೋಡಿದರು. ಮಾವನ ತುಟಿ ಒಣಗಿತ್ತು.

"ನೋಡಿದ್ಯಾ?"

"ನೋಡಿದೆ ಮಾವ."

ಅವನು ಬೈಯುತ್ತಾನೆ, ಇಲ್ಲವೆನ್ನುತ್ತಾನೆ, ನನ್ನನ್ನು ಸುಳ್ಳಿ ಎನ್ನುತ್ತಾನೆ ಎಂದು ಕಾದೆ. ಸುಳ್ಳಿ ಎಂದಿದ್ದರೆ ಬಹುಶಃ ನಾನು ಒಪ್ಪಿಕೊಂಡುಬಿಡುತ್ತಿದ್ದೆ. ನನ್ನ ಮೇಲೆ ನನಗೆ ಇರುವ ನಂಬಿಕೆ ಅಷ್ಟೇ. ಆದರೆ ಅವನು ಚಾಪೆಯ ಕಡೆ ನೋಡಿದ. ಅದು ಏರುತ್ತಿತ್ತು, ಇಳಿಯುತ್ತಿತ್ತು. ಚಾಮರವನ್ನು ನನ್ನ ಕೈಗೆ ಕೊಟ್ಟು ಎದ್ದ.

ಬಯಲನ್ನು ದಾಟುವಾಗ ಅವನ ಬೆನ್ನು ನೆಟ್ಟಗಿತ್ತು. ಚಾಪೆಯ ಮುಂದೆ ಬಂದು ನಿಂತ. ಹೊದೆಯಲು ಅವನ ಬಳಿ ಏನೂ ಇರಲಿಲ್ಲ. ಹಾಗೇ ಬಿಸಿಲಲ್ಲಿ ಮಂಡಿಯೂರಿದ. ಆಗ ಚಾಪೆಯ ಒಳಗಿನಿಂದ ಒಂದು ಮುದಿ ಕೈ ಹೊರಗೆ ಬಂತು. ಅಂಚನ್ನು ಹಿಡಿದು ಮೇಲೆತ್ತಿತು, ಮಳೆಯಲ್ಲಿ ನಿಂತವನನ್ನು ಮನೆಯೊಳಗೆ ಕರೆಯುವ ಹಾಗೆ. ಮಾವ ಒಳಗೆ ಹೋದ. ಅಂಚು ಇಳಿಯಿತು.

ಬಯಲಿನಲ್ಲಿ ಯಾರೋ ಒಬ್ಬ ಹೆಂಗಸು ಬಿಕ್ಕಿದಳು. ಮಾತಾಲೆನಾ ಇರಬೇಕು.

ಪರದೆ ಮೇಲಕ್ಕೆ ಸರಿಯಿತು. ಎನೆಲಿಕೊ ಕಂಬ ಹಿಡಿದು ನಿಂತಿದ್ದ. ಎರಡು ದಿನದಿಂದ ನಿದ್ದೆಯಿಲ್ಲದ ಕಣ್ಣು.

"ತೊವಾಲಿಮಾ, ಏನಿದು? ಒಂದು ಚಾಪೆಗೆ ಎಷ್ಟು ಜನ?"

ಮಾವನ ದನಿ ಬಂತು. "ಎನೆಲಿಕೊ, ನಾನು ಫಿಲೆಮೊನಿ. ನಿನ್ನ ಮಗನ ಮೇಲೆ ಹರಿದದ್ದು ನನ್ನ ಗಾಡಿ. ಉಸಿರಿದ್ದಾಗಲೇ ಬಿಟ್ಟು ಓಡಿ ಬಂದೆ. ಈ ಮುದುಕರದ್ದು ಏನೂ ಇಲ್ಲ."

ತಮ್ಮಂದಿರು ಇಬ್ಬರೂ ಕತ್ತಿಯೆತ್ತಿ ಮೆಟ್ಟಿಲಿಗೆ ಹಾರಿದರು. ಎನೆಲಿಕೊ ಅಡ್ಡ ಕೈ ಚಾಚಿದ. "ನಿಲ್ರೋ. ಚಾಪೆ ಯಾರದ್ದು ನೋಡಿ ಎತ್ರೋ ಕತ್ತಿನ." ಆ ಚಾಪೆಯ ಕೆಳಗೆ ನಿರಪರಾಧಿ ಮುದುಕರೂ ಇದ್ದರು. ಎಲ್ಲಿ ಹೊಡೆದರೂ ಅವರಿಗೂ ತಗಲುತ್ತಿತ್ತು. ಹುಡುಗರು ನಿಂತರು.

"ಕಂಡೋರು ಯಾರು?"

"ನಾನು," ಎಂದೆ.

"ಪ್ರಾರ್ಥನೆ ಹೊತ್ತಲ್ಲಿ ಕಣ್ಣು ಬಿಟ್ಟಿದ್ದೆಯಾ?"

"ಬಿಟ್ಟಿದ್ದೆ."

"ನನ್ನ ಮಗ ಏನ್ಮಾಡ್ತಿದ್ದ?"

ಇದನ್ನು ಕೇಳುತ್ತಾನೆಂದು ನಾನು ಎಣಿಸಿರಲಿಲ್ಲ. "ಕೂತಿದ್ದ. ಎರಡನೇ ಶಂಖ ಕೇಳಿದ ತಕ್ಷಣ ಸೈಕಲ್ ಮಲಗಿಸಿ ರಸ್ತೆ ಬದೀಲಿ ಕೂತ. ತಲೆ ತಗ್ಗಿಸಿದ್ದ. ಗಾಡಿ ಸದ್ದು ಬಂದ್ರೂ ತಲೆ ಎತ್ತಲಿಲ್ಲ."

"ಎತ್ತಲಿಲ್ವಾ?"

"ಎತ್ತಲೇ ಇಲ್ಲ. ಎತ್ತಿದವಳು ನಾನು. ಮೂರನೇ ಶಂಖದವರೆಗೂ ಅವನ ಹತ್ರ ಹೋಗದೆ ಕೂತವಳೂ ನಾನೇ."

ಎನೆಲಿಕೊ ಊರಿನವರ ಕಡೆ ನೋಡಿದ. ಒಬ್ಬೊಬ್ಬರನ್ನೇ ನೋಡಿದ. ದೇವರ ಹೊತ್ತನ್ನು ಮೀರಿದವನು ಎಂದು ಅವನ ಮಗನನ್ನು ಆಡಿಕೊಂಡವರೆಲ್ಲ ಕಣ್ಣು ಕೆಳಗೆ ಹಾಕಿದರು. ಆಮೇಲೆ ಅವನು ಮೆಟ್ಟಿಲಿಳಿದು ಬಂದು, ಎರಡೂ ಕೈಯಿಂದ ಆ ಜೇನುಬಣ್ಣದ ಚಾಪೆಯನ್ನು ಎತ್ತಿದ. ಮಡಚಿ ತೊವಾಲಿಮಾ ಅವರ ಮಡಿಲಲ್ಲಿಟ್ಟ. ಅವರ ಊದಿದ ಹೆಗಲನ್ನು ಮುಟ್ಟಿದ.

"ಇದು ನಿಮ್ಮದು. ತಗೊಂಡು ಹೋಗಿ."

ಮಾವ ಅಲ್ಲೇ ಬರಿ ತಲೆಯಲ್ಲಿ ಬಿಸಿಲಿಗೆ ಕೂತಿದ್ದ. ಅವನನ್ನು ಎನೆಲಿಕೊ ನೋಡಲಿಲ್ಲ. ಒಳಗೆ ಹೋದ. ಪರದೆ ಮತ್ತೆ ಇಳಿಯಿತು.

ನಾನು ಮನೆಗೆ ಓಡಿದೆ. ನಮ್ಮ ಪೆಟ್ಟಿಗೆಯಲ್ಲಿ ಒಂದೇ ಒಂದು ಒಳ್ಳೆಯ ಚಾಪೆ ಇತ್ತು, ಅಮ್ಮ ಶುರುಮಾಡಿ ನಾನು ನೇಯುತ್ತಿದ್ದದ್ದು. ಇನ್ನೂ ಒಂದು ಮೊಳ ಬಾಕಿ. ಒಂದು ಬದಿಯಲ್ಲಿ ಎಳೆಗಳು ಕೂದಲು ಬಿಚ್ಚಿದಂತೆ ನೇತಾಡುತ್ತಿದ್ದವು. ಅರೆಬರೆ ಚಾಪೆ ಒಯ್ಯುವುದು ಅವಮಾನವೋ ಏನೋ, ಕೇಳಲು ಯಾರೂ ಇರಲಿಲ್ಲ. ಅದನ್ನೇ ತಂದು ಮಾವನಿಗೆ ಹೊದಿಸಿ ಹಿಂದೆ ಕೂತೆ. ಸ್ವಲ್ಪ ಹೊತ್ತಿಗೆ ನಮ್ಮ ಮನೆಯವರು ಒಬ್ಬೊಬ್ಬರಾಗಿ ಬಂದು ಕೂತರು. ಅತ್ತೆಯನ್ನು ಹಾಸಿಗೆ ಸಮೇತ ಹೊತ್ತು ತಂದರು.

ಫಂಗಲುವಾದವರು ಎದ್ದು ಮೈ ಕೊಡವಿಕೊಳ್ಳುತ್ತಿದ್ದರು. ತೊವಾಲಿಮಾರನ್ನು ಇಬ್ಬರು ಹಿಡಿದೆತ್ತಿದರು. ಅವರು ನಾಲ್ಕು ಹೆಜ್ಜೆ ಕುಂಟುತ್ತಾ ಹೋದವರು ನಿಂತರು. ಮಡಚಿದ ಚಾಪೆಯನ್ನು ತಮ್ಮವರ ಕೈಗೆ ಕೊಟ್ಟು, ತಿರುಗಿ ಬಂದು, ಮಾವನ ಪಕ್ಕದಲ್ಲಿ ಹುಲ್ಲಿನ ಮೇಲೆ ಮತ್ತೆ ಕೂತರು.

"ಯಜಮಾನ್ರೇ, ನಿಮ್ಮದು ಮುಗೀತಲ್ಲ," ಎಂದೆ.

"ಬಿಸಿಲು ಅಭ್ಯಾಸ ಆಗೋಯ್ತು," ಎಂದರು. ತಲೆ ತಗ್ಗಿಸಿದರು. ಅವರ ಹಿಂದೆ ಅವರ ಮನೆಯವರೂ ಕೂತರು.

ಎರಡು ಊರು ಒಟ್ಟಿಗೆ ತಲೆ ತಗ್ಗಿಸಿ ಕೂತದ್ದನ್ನು ನಾನು ಕಂಡಿದ್ದೇನೆ. ಇದು ಕಂಡದ್ದರ ಹಾಳೆಯಲ್ಲೇ ಇದೆ. ನೆತ್ತಿಯ ಮೇಲಿನ ಸೂರ್ಯ ಪಡುವಣಕ್ಕೆ ವಾಲುವವರೆಗೆ ಕೆಮ್ಮು ಕೂಡ ಇರಲಿಲ್ಲ. ಕೂಸೂ ಅಳು ನಿಲ್ಲಿಸಿತ್ತು. ಕಡಲು ಮಾತ್ರ ಬಂಡೆಗೆ ಬಡಿದು ಬಡಿದು ಹೋಗುತ್ತಿತ್ತು.

ಕೊನೆಗೆ ಪರದೆ ಮೇಲೆ ಹೋಯಿತು. ಎನೆಲಿಕೊ ಬಂದ. ಮಾವನ ಮುಂದೆ ಬಹಳ ಹೊತ್ತು ನಿಂತ. ಬಗ್ಗಿ ಚಾಪೆ ಎತ್ತಿದ. ನೇತಾಡುವ ಎಳೆಗಳು ಅವನ ಕೈಗೆ ಸಿಕ್ಕಿಕೊಂಡವು. ಅವುಗಳನ್ನು ಬಿಡಿಸಿಕೊಳ್ಳುತ್ತಾ ಅವನು ನನ್ನ ಕಡೆ ನೋಡಿದ.

"ಇದು ಮುಗಿದಿಲ್ಲ."

"ಇಲ್ಲ," ಎಂದೆ.

"ಮುಗಿಸಿ ತಗೊಂಡು ಬಾ."

ಚಾಪೆಯನ್ನು ನನ್ನ ಕೈಯಲ್ಲಿಟ್ಟು ಒಳಗೆ ಹೋದ. ಪರದೆ ಇಳಿಸಲಿಲ್ಲ.

ಆ ಸೋಮವಾರ ಮಾವ ತಾನಾಗಿಯೇ ಪೊಲೀಸರ ಜೊತೆ ಆಪಿಯಾದ ದೋಣಿ ಹತ್ತಿದ, ಕನ್ನಡಕ ಹಾಕಿಕೊಂಡು. ಇಯೊನಾ ಮನೆಗೆ ಬಂದ. ಎನೆಲಿಕೊ ಚಾಪೆ ಎತ್ತಿದ್ದರಿಂದ ಊರು ನಮ್ಮನ್ನು ಹೊರಗೆ ಹಾಕಲಿಲ್ಲ. ಪ್ರಾರ್ಥನೆಯ ಹೊತ್ತಿಗೆ ಹೊರಗಿದ್ದದ್ದಕ್ಕೂ ಕಣ್ಣು ಬಿಟ್ಟದ್ದಕ್ಕೂ ಊರು ನನಗೆ ಒಂದು ಹಂದಿಯ ದಂಡ ಹಾಕಿತು. ತೊವಾಲಿಮಾ ಹಂದಿ ಕಳಿಸಿಕೊಟ್ಟರು, ಜೊತೆಗೆ ಮಂಡಿ ಇನ್ನೂ ನೋಯುತ್ತಿದೆ ಎಂಬ ಮಾತನ್ನೂ.

ನಾನು ನೇಯುತ್ತಿದ್ದೇನೆ. ಎಳೆಯನ್ನು ಎಷ್ಟು ತೆಳುವಾಗಿ ಸೀಳಿದರೂ ಸಾಲದು ಅನ್ನಿಸುತ್ತದೆ. ಸೀಳಿ, ಬಿಚ್ಚಿ, ಮತ್ತೆ ನೇಯುತ್ತೇನೆ. ಈಗ ನಾಲ್ಕು ಬೆರಳು ಬಾಕಿ ಇದೆ.
​